ಡಬ್ಬಿ ಗೌರವ್ವ

ಅವ್ವನ ಕಣ್ಣಿನಿಂದ ಮೊದಲು ಹೋದದ್ದು ಮುಖಗಳು. ಬಾಗಿಲಲ್ಲಿ ಯಾರಾದರೂ ಬಂದು ನಿಂತರೆ ಸೀರೆಯ ಸೆರಗು ಕಾಣುತ್ತಿತ್ತು, ಕೈಯಲ್ಲಿನ ಚೀಲ ಕಾಣುತ್ತಿತ್ತು, ಚಪ್ಪಲಿಯ ಬಣ್ಣವನ್ನೂ ಹೇಳುತ್ತಿದ್ದಳು. ಮುಖ ಇರಬೇಕಾದ ಜಾಗದಲ್ಲಿ ಮಾತ್ರ ಬೂದಿ ಬಣ್ಣದ ಮಬ್ಬು. ಕಣ್ಣಿನ ಪರದೆಯ ನಡುಭಾಗ ಸವೆದಿದೆ ಎಂದು ಡಾಕ್ಟರು ಹೇಳಿದ್ದರು. ಏನನ್ನಾದರೂ ನೋಡಬೇಕೆಂದರೆ ಅವ್ವ ಕೋಳಿಯ ಹಾಗೆ ತಲೆಯನ್ನು ಪಕ್ಕಕ್ಕೆ ವಾಲಿಸಿ ಕಣ್ಣಂಚಿನಿಂದ ನೋಡುತ್ತಿದ್ದಳು. ಕನ್ನಡಿಯ ಮುಂದೆ ನಿಲ್ಲುವುದನ್ನು ಬಿಟ್ಟು ವರ್ಷಗಳೇ ಆಗಿದ್ದವು. ವಿಭೂತಿ ಹಚ್ಚಿಕೊಳ್ಳುವಾಗ ಹಣೆಯನ್ನು ಬೆರಳಿನಿಂದ ತಡವಿ ಅಂದಾಜು ಮಾಡುತ್ತಿದ್ದಳು.

ಹೋದ ವರ್ಷ ಬೇಸಿಗೆಯಲ್ಲಿ ಆ ಅಂಚಿನ ನೋಟವೂ ಕುಗ್ಗತೊಡಗಿತು. ಹುಬ್ಬಳ್ಳಿ ವಿದ್ಯಾನಗರದ ನಮ್ಮ ಮನೆಯಿಂದ ಆಸ್ಪತ್ರೆ ಹತ್ತಿರ, ಆದರೂ ಆಟೋ ಮಾಡಿಕೊಂಡು ಹೋದೆವು. ಡಾಕ್ಟರು ಪರೀಕ್ಷೆ ಮುಗಿಸಿ, ಕೈ ತೊಳೆಯುತ್ತಾ, "ಏನರ ನೋಡೋ ಆಸೆ ಇದ್ರ ಈಗ ತೋರಿಸಿಬಿಡ್ರಿ" ಎಂದರು. ಕಾಶಿ, ಶ್ರೀಶೈಲ, ಅಂಥದ್ದೇನೋ ಅವರ ಮನಸ್ಸಿನಲ್ಲಿ ಇದ್ದಿರಬೇಕು. ಅಂಥ ಮಾತನ್ನು ಬೆನ್ನು ತಿರುಗಿಸಿಕೊಂಡು ಹೇಳಿದರಲ್ಲ ಎಂದು ನನಗೆ ಮೈಯೆಲ್ಲ ಉರಿಯಿತು. ಅವ್ವ ಮಾತ್ರ ಆಟೋದಲ್ಲಿ ಕೂತ ಮೇಲೆ, ಬರುವಾಗ ಕೊತ್ತಂಬರಿ ತಾ ಎನ್ನುವ ದನಿಯಲ್ಲಿ ಹೇಳಿದಳು:

"ನನಗ ನಮ್ಮವ್ವನ ಮುಖ ಒಮ್ಮಿ ನೋಡಬೇಕವಾ. ಡಬ್ಬಿ ಗೌರವ್ವನ್ನ ತರಿಸು."

ಅವ್ವನ ಅವ್ವ, ಅಂದರೆ ನನ್ನ ಅಜ್ಜಿ, ಅವ್ವನನ್ನು ಹೆತ್ತ ದಿನವೇ ತೀರಿಕೊಂಡಳು. ಅವಳದೊಂದು ಫೋಟೋ ಕೂಡ ಇಲ್ಲ. ಇರುವುದು ಒಂದು ಸಿನಿಮಾ.

ಸಿನಿಮಾಕ್ಕೆ ಇನ್ನೂ ಮಾತು ಬಾರದ ಕಾಲ ಅದು. ಮುಂಬೈ ಕಡೆಯ ಒಂದು ಕಂಪನಿಯವರು ಶಿವ ಮತ್ತು ಗಿರಿಜೆಯ ಕಥೆಯನ್ನು ಚಿತ್ರ ಮಾಡಲು ಧಾರವಾಡದ ಸುತ್ತಿನ ಗುಡ್ಡ, ಕೆರೆಗಳನ್ನು ಹುಡುಕಿಕೊಂಡು ಬಂದಿದ್ದರಂತೆ. ಉಪ್ಪಿನಬೆಟಗೇರಿಯಲ್ಲಿ ಹತ್ತಿಯ ವ್ಯಾಪಾರ ಮಾಡುತ್ತಿದ್ದ ನನ್ನ ಮುತ್ತಜ್ಜ ಅವರಿಗೆ ಹತ್ತಿ ತುಂಬುವ ಕೋಣೆಯಲ್ಲಿ ಇಳಿದುಕೊಳ್ಳಲು ಜಾಗ ಕೊಟ್ಟ. ಹೆಣ್ಣಿನ ಪಾತ್ರವನ್ನೂ ಗಂಡಸರೇ ಮಾಡುತ್ತಿದ್ದ ದಿನಗಳು. ಎಳೆಯ ಗಿರಿಜೆಯಾಗಬೇಕಿದ್ದ ಹುಡುಗನ ಮುಖದ ತುಂಬ ಸಿಡುಬು ಎದ್ದಿತು. ಕಂಪನಿಯ ಯಜಮಾನ ತಲೆಯ ಮೇಲೆ ಕೈ ಹೊತ್ತು ಕೂತಾಗ ಅಂಗಳದಲ್ಲಿ ಆಡುತ್ತಿದ್ದ ಅಜ್ಜಿ ಅವನ ಕಣ್ಣಿಗೆ ಬಿದ್ದಳು. ಅವಳಿಗಾಗ ಹತ್ತೋ ಹನ್ನೊಂದೋ. ಬಳಗದವರು ಬಾಯಿಗೆ ಬಂದದ್ದು ಆಡಿಕೊಂಡರು. ಮುತ್ತಜ್ಜ ಕಟ್ಟೆಯ ಮೇಲೆ ನಿಂತು ಹೇಳಿದನಂತೆ: "ನಮ್ಮ ಹುಡುಗಿ ಕುಣಿಯಾಕ ಹೊಂಟಿಲ್ಲ, ಲಿಂಗಪೂಜಿ ಮಾಡಾಕ ಹೊಂಟಾಳ. ಮುಖಕ್ಕ ಬಣ್ಣ ಹಚ್ಚಿಲ್ಲ, ವಿಭೂತಿ ಹಚ್ಚ್ಯಾರ."

ಚಿತ್ರ ಹುಬ್ಬಳ್ಳಿಯ ಟೆಂಟಿನಲ್ಲಿ ಬಂದಾಗ ಊರಿನ ಅರ್ಧ ಜನ ಚಕ್ಕಡಿ ಕಟ್ಟಿಕೊಂಡು ಹೋದರು. ಚಪ್ಪಲಿ ಹೊರಗೆ ಬಿಟ್ಟು ಒಳಗೆ ಹೋದರು, ಪರದೆಯ ಮುಂದೆ ಕಾಯಿ ಒಡೆದರು. ಹೆಂಗಸರ ಸಾಲಿನಲ್ಲಿ ತನ್ನ ತಾಯಿಯ ಮಗ್ಗುಲಿಗೆ ಕೂತ ಹುಡುಗಿ, ಬೆಳಕಿನಲ್ಲಿ ಕಾಣುತ್ತಿದ್ದ ತನಗೇ ಜನ ಕೈ ಮುಗಿಯುವುದನ್ನು ನೋಡಿ ಹೆದರಿ ಅತ್ತಳಂತೆ. ಊರಿಗೆ ಬಂದ ಮೇಲೆ ಮುದುಕರು ಅವಳ ಕಾಲು ಮುಟ್ಟಿ ನಮಸ್ಕರಿಸಿದರು. ಅಂದಿನಿಂದ ಎಲ್ಲರಿಗೂ ಅವಳು ಗೌರವ್ವ. ಆಮೇಲೆ ಅವಳನ್ನು ಯಾರೂ ಬೈಯಲಿಲ್ಲ, ಅವಳ ಜೊತೆ ಯಾರೂ ಆಡಲೂ ಇಲ್ಲ.

ಮದುವೆಯಾಗಿ ಚೊಚ್ಚಲ ಹೆರಿಗೆಗೆ ತವರಿಗೆ ಬಂದಳು. ಹೆರಿಗೆ ಸುಲಭವಾಗಲಿಲ್ಲ. ಧಾರವಾಡದಲ್ಲಿ ಆಸ್ಪತ್ರೆ ಇತ್ತು, ಡಾಕ್ಟರಿದ್ದರು. ಮುತ್ತಜ್ಜ ಎತ್ತು ಹೂಡಿಸಿ ಚಕ್ಕಡಿಗೆ ಹುಲ್ಲು, ಜಮಖಾನ ಹಾಸಿಸಿದ್ದ. ಅಷ್ಟರಲ್ಲಿ ಯಾರೋ "ಗೌರವ್ವಗ ದವಾಖಾನಿ ಯಾಕ್ರಿ? ಅಕೀನ ನಾಲ್ಕು ಮಂದಿನ್ನ ಕಾಯಾಕಿ" ಎಂದರು. ಎತ್ತು ಬಿಚ್ಚಿದರು. ಆ ಮಾತು ಆಡಿದವರು ಯಾರು ಎಂದು ನಾನು ಎಷ್ಟೋ ಸಲ ಕೇಳಿದ್ದೇನೆ, ಒಬ್ಬರೂ ಹೇಳಲಿಲ್ಲ. ಜೀವ ತೆಗೆಯುವ ಇಂಥ ಮಾತು ಆಡಿದವರು ನಮ್ಮಲ್ಲಿ ಯಾವಾಗಲೂ 'ಯಾರೋ' ಆಗಿರುತ್ತಾರೆ. ಕೂಸು ಉಳಿಯಿತು. ಗೌರವ್ವನನ್ನು ಸಕಲ ಮರ್ಯಾದೆಯಿಂದ ಮಣ್ಣು ಮಾಡಿದರು.

ಮಾತಿನ ಸಿನಿಮಾ ಬಂದು ಕಂಪನಿ ಮುಚ್ಚುವಾಗ ಅದರ ಯಜಮಾನ, ಉಂಡ ಮನೆಯ ಋಣ ಎಂದು, ಚಿತ್ರದ ಒಂದು ಸುರುಳಿಯನ್ನು ಡಬ್ಬಿಯಲ್ಲಿಟ್ಟು ಮುತ್ತಜ್ಜನಿಗೆ ಕಳಿಸಿದ್ದ. ಮಗಳು ಸತ್ತ ಮೇಲೆ ಮುತ್ತಜ್ಜ ಆ ಡಬ್ಬಿಯನ್ನು ದೇವರ ಜಗಲಿಯ ಮೇಲೆ ಇಟ್ಟ. ಅದೇ ಡಬ್ಬಿ ಗೌರವ್ವ. ಕೆಂಪು ಕುಪ್ಪಸದ ಖಣದಲ್ಲಿ ಸುತ್ತಿ, ಮೇಲೊಂದು ದಂಡೆ ಮಲ್ಲಿಗೆ ಇಟ್ಟು, ಗೌರಿ ಹುಣ್ಣಿಮೆಗೆ ಊರಿನ ಹುಡುಗಿಯರೆಲ್ಲ ಸಕ್ಕರೆ ಗೊಂಬೆಗಳ ಆರತಿ ತಂದು ಬೆಳಗುತ್ತಿದ್ದರು. ದೀಪವನ್ನು ಮಾತ್ರ ದೂರದಿಂದಲೇ ಬೆಳಗಬೇಕು. ಹಿಂದೊಮ್ಮೆ ಒಳಗಿನ ಚೂರೊಂದು ದೀಪಕ್ಕೆ ತಗುಲಿ ಭಗ್ಗನೆ ಉರಿದುಹೋಗಿತ್ತಂತೆ. ಆ ಕಾಲದ ಫಿಲ್ಮು ಬೇಗ ಬೆಂಕಿ ಹಿಡಿಯುವ ಸಾಮಾನು. ಮನೆಯವರು ಅದನ್ನು ಗೌರವ್ವನ ಸಿಟ್ಟು ಎಂದುಕೊಂಡರು.

ಅವ್ವ ಬೆಳೆದದ್ದು ಅದೇ ಮನೆಯಲ್ಲಿ, ಸೋದರಮಾವನ ಕೈಯಲ್ಲಿ. ಚಿಕ್ಕವಳಿದ್ದಾಗ ಯಾರೂ ಇಲ್ಲದ ಹೊತ್ತು ನೋಡಿ ಡಬ್ಬಿಯನ್ನು ತೊಡೆಯ ಮೇಲೆ ಇಟ್ಟುಕೊಂಡು ಕೂರುತ್ತಿದ್ದಳಂತೆ. ತೆರೆದು ನೋಡುವ ಧೈರ್ಯ ಆಗುತ್ತಿರಲಿಲ್ಲ. ಒಳಗೆ ತನ್ನ ಅವ್ವ ಇದ್ದಾಳೆ ಎಂದು ಗೊತ್ತಿತ್ತು, ಅಷ್ಟೇ.

ಈಗ ಆ ಮನೆಯಲ್ಲಿ ಹಿರಿಯಳೆಂದರೆ ಸೋದರಮಾವನ ಸೊಸೆ. ನಾನು ಅವರನ್ನು ಅತ್ತಿ ಎನ್ನುತ್ತೇನೆ. ಎಂಬತ್ತರ ಹತ್ತಿರದ ವಯಸ್ಸು, ಗಟ್ಟಿ ಮೈ, ಅದಕ್ಕಿಂತ ಗಟ್ಟಿ ಬಾಯಿ. ಆಟೋ ಮಾತಿನ ಮರುದಿನವೇ ನಾನು, ಅವ್ವ ಕಾರು ಮಾಡಿಕೊಂಡು ಉಪ್ಪಿನಬೆಟಗೇರಿಗೆ ಹೋದೆವು. ಬಂದ ಕಾರಣ ಹೇಳುತ್ತಿದ್ದಂತೆ ಅತ್ತಿಯ ಮುಖ ಗಂಟಿಕ್ಕಿತು.

"ಅದನ್ನ ಹಂಗೆಲ್ಲಾ ಬಿಚ್ಚೂದಿಲ್ರಿ ಅಕ್ಕಾರ. ಮನ್ಯಾಗ ಮದುವಿ ಇದ್ದಾಗಷ್ಟ ಮುಚ್ಚಳ ತಗೀತೇವಿ. ಜಗಲಿ ಮ್ಯಾಲಿನ ದೇವರನ್ನ ಮಷೀನಿಗೆ ಹಾಕಾಕ ಕೊಡಂದ್ರ ಹೆಂಗ ಕೊಡ್ಲಿ? ನಿಮ್ಮ ಮಗಳಿಗೆ ಗೊತ್ತಿಲ್ಲ, ನಿಮಗ ಗೊತ್ತಿಲ್ಲೇನು ಅಕಿ ಶಕ್ತಿ?"

ಮದುವೆ ಇದ್ದಾಗ ಯಾಕೆ ತೆಗೆಯುತ್ತಾರೆ ಎಂದು ನಾನು ಅಂದು ಕೇಳಬೇಕಿತ್ತು. ಕೇಳಲಿಲ್ಲ. ಶಕ್ತಿ ಎಂಬ ಮಾತು ಕೇಳಿದ್ದೇ ನನ್ನ ತಲೆ ಬೇರೆ ಕಡೆ ಹೋಯಿತು. ನನಗೊಬ್ಬಳು ತಂಗಿ ಇದ್ದಳು. ಐದು ವರ್ಷಕ್ಕೆ ಮೆದುಳು ಜ್ವರ ಬಂದು ಹೋದಳು. ಸಾಲೆಗೆ ಹಾಕುವಾಗ ಫೋಟೋ ತೆಗೆಸಿದರಾಯಿತು ಎಂದಿದ್ದೆವು, ಅವಳು ಸಾಲೆಯ ಮೆಟ್ಟಿಲನ್ನೇ ಹತ್ತಲಿಲ್ಲ. ಎಡಚಿ ಹುಡುಗಿ, ಎಡಗೈಯಲ್ಲೇ ಬಳಪ ಹಿಡಿಯುತ್ತಿದ್ದಳು, ಎಡಗೈಯಲ್ಲೇ ತುತ್ತು ಎತ್ತುತ್ತಿದ್ದಳು. ನಮ್ಮ ಎರಡೂ ಕಡೆಯ ಬಳಗದಲ್ಲಿ ಮತ್ತೊಬ್ಬರು ಎಡಚರಿಲ್ಲ. ಅವ್ವ ಅದಕ್ಕಾಗಿ ಅವಳ ಕೈಗೆ ಹೊಡೆಯುತ್ತಿದ್ದಳು. ಜ್ವರ ಏರಿದಾಗ ಅವ್ವ ತನ್ನ ತವರಿನ ತಾಯತವನ್ನು, ಗೌರವ್ವನ ಪ್ರಸಾದ ಎಂದು ಮದುವೆಯಲ್ಲಿ ಉಡಿಗೆ ಹಾಕಿದ್ದ ಪುಟ್ಟ ರೇಷ್ಮೆ ಗಂಟನ್ನು, ಕರಿ ದಾರದಲ್ಲಿ ಅವಳ ತೋಳಿಗೆ ಕಟ್ಟಿದಳು. ಮಾರನೆಯ ದಿನ ಮಧ್ಯಾಹ್ನಕ್ಕೆ ಎಲ್ಲ ಮುಗಿಯಿತು. ಗೌರವ್ವನ ಶಕ್ತಿಯ ಬಗ್ಗೆ ನನಗೆ ಇರುವ ತಿಳುವಳಿಕೆ ಇಷ್ಟು.

ನಾನು ಬಾಯಿ ತೆರೆದಿದ್ದರೆ ಕೆಲಸ ಕೆಡುತ್ತಿತ್ತು. ಅವ್ವನೇ ಮಾತಾಡಿದಳು. ಅತ್ತಿಯ ಕಡೆ ತಲೆ ವಾಲಿಸಿ, "ನಿಮಗ ಅಕಿ ದೇವರು. ನನಗ ನಮ್ಮವ್ವ. ಊರಿಗೆಲ್ಲಾ ಅಕಿ ದರ್ಶನ ಆಗೈತಿ, ನನಗೊಬ್ಬಾಕಿಗೆ ಆಗಿಲ್ಲ" ಎಂದಳು. ಅತ್ತಿ ಸೆರಗಿನಿಂದ ಮೂಗು ಒರೆಸಿಕೊಂಡು ಒಳಗೆ ಹೋದರು. ಬಂದಾಗ ಕೈಯಲ್ಲಿ ಡಬ್ಬಿ ಇತ್ತು.

ಖಣ ಬಿಚ್ಚಿ ಮುಚ್ಚಳ ತೆಗೆದೆವು. ಬೆವರು ಕುಡಿದ ಕಾಲುಚೀಲ, ಕೆಟ್ಟ ತುಪ್ಪ, ಎರಡೂ ಸೇರಿದಂಥ ವಾಸನೆ ಪಡಸಾಲೆಗೆಲ್ಲ ಹಬ್ಬಿತು. ಸುರುಳಿಯ ಹೊರಗಿನ ಸುತ್ತುಗಳು ಬೆಲ್ಲದ ಪಾಕದ ಹಾಗೆ ಅಂಟಿಕೊಂಡಿದ್ದವು, ಡಬ್ಬಿಯ ತಳದಲ್ಲಿ ಕಂದು ಪುಡಿ ಉದುರಿತ್ತು. ಅವ್ವ ಬಗ್ಗಿ ಮೂಸಿ ನೋಡಿದಳು. "ಬಾಣಂತಿ ಖೋಲಿ ವಾಸನಿ ಬಂದಂಗ ಬರಾಕತ್ತೈತಿ" ಎಂದಳು. ನಾನು ಮುಚ್ಚಳ ಹಾಕಿದೆ.

ನಾನು ಕಲಿಸುತ್ತಿದ್ದ ಕಾಲೇಜಿನ ಗೆಳತಿಯೊಬ್ಬಳ ಮೂಲಕ, ಹಳೆಯ ಫಿಲ್ಮು ಉಳಿಸುವ ಕೆಲಸ ಮಾಡುವ ಪುಣೆಯ ಹೆಣ್ಣುಮಗಳೊಬ್ಬಳ ಪರಿಚಯವಾಯಿತು. ಅದನ್ನು ಕೊರಿಯರ್ ಮಾಡಬೇಡಿ, ಒಲೆಯ ಹತ್ತಿರ ಇಡಬೇಡಿ ಎಂದು ಹೇಳಿ, ತಾನೇ ಕಾರಿನಲ್ಲಿ ಬಂದು ತಣ್ಣನೆಯ ಪೆಟ್ಟಿಗೆಯಲ್ಲಿಟ್ಟುಕೊಂಡು ಹೋದಳು. ಒಳಗಿನ ಸುತ್ತುಗಳು ಉಳಿದಿರಬಹುದು, ಬಿಡಿಸಲು ತಿಂಗಳುಗಟ್ಟಲೆ ಬೇಕು ಎಂದಳು. ಅವ್ವನ ಬಳಿ ತಿಂಗಳುಗಟ್ಟಲೆ ಇಲ್ಲ ಎಂದು ನಾನು ಹೇಳಿದೆ. ಅವಳು ಹೌದು ಎಂದು ತಲೆಯಾಡಿಸಿದಳು, ಆದರೆ ಫಿಲ್ಮಿಗೆ ಅದು ಗೊತ್ತಾಗಬೇಕಲ್ಲ.

ಆ ಮಳೆಗಾಲ ನಾನು ಮರೆಯುವುದಿಲ್ಲ. ಅವ್ವ ದಿನವೂ ಎದ್ದ ಕೂಡಲೇ ಅಡುಗೆಮನೆಯ ಕಿಟಕಿಯ ಹತ್ತಿರ ನಿಂತು ತನ್ನ ಕೈಯನ್ನು ಕಣ್ಣಿನ ಪಕ್ಕದಲ್ಲಿ ಹಿಡಿದು ಬೆರಳು ಕಾಣುತ್ತವೆಯೇ ಎಂದು ನೋಡಿಕೊಳ್ಳುತ್ತಿದ್ದಳು. ಕಂಡರೆ ಚಹಾ ಕೇಳುತ್ತಿದ್ದಳು. ಕಾಣದಿದ್ದ ದಿನ ಮತ್ತೆ ಹೋಗಿ ಮಲಗುತ್ತಿದ್ದಳು. ಫೋನು ಬಡಿದರೆ ಸಾಕು, "ಬಂತೇನ?" ಎನ್ನುತ್ತಿದ್ದಳು. ಗ್ಯಾಸಿನವನ ಫೋನಿಗೂ ಅದೇ ಮಾತು. ನನಗೆ ರೇಗುತ್ತಿತ್ತು. ಫೋನನ್ನು ಹೊರಗೆ ಒಯ್ದು ಮಾತಾಡತೊಡಗಿದೆ.

ಕೊನೆಗೆ ಪುಣೆಯ ಫೋನು ಬಂದಾಗಲೂ ಹೊರಗೇ ಇದ್ದೆ. ಒಳಗಿನ ಸುತ್ತುಗಳು ಉಳಿದಿವೆ, ಚಿತ್ರ ಚೆನ್ನಾಗಿಯೇ ಇದೆ, ಆದರೆ ಒಂದು ವಿಚಿತ್ರ ಇದೆ ಎಂದಳು. "ಆ ಹುಡುಗಿ ಮುಖ ತಿರುಗಿಸುವ ಹೊತ್ತಿಗೆ ಸರಿಯಾಗಿ ಫಿಲ್ಮು ತುಂಡಾಗಿದೆ. ಪ್ರತಿ ಸಲವೂ. ಹರಿದದ್ದಲ್ಲ, ಕತ್ತರಿಯಿಂದ ಕತ್ತರಿಸಿ ದಾರದಲ್ಲಿ ಹೊಲಿದು ಕೂಡಿಸಿದ್ದಾರೆ. ಬೇರೆ ಯಾವ ಪಾತ್ರವನ್ನೂ ಮುಟ್ಟಿಲ್ಲ."

ನನಗೆ ಮೊದಲು ಹೊಳೆದದ್ದು ಕಳ್ಳತನ, ಆಮೇಲೆ ದ್ವೇಷ. ಹೆಣ್ಣುಮಗಳು ಪರದೆಯ ಮೇಲೆ ಕಂಡಳೆಂದು ಸಿಟ್ಟಾದ ಯಾವನೋ ಸಂಬಂಧಿಕ ಮಾಡಿದ ಕೆಲಸ ಎಂದುಕೊಂಡೆ. ಅವ್ವನಿಗೆ ಏನೂ ಹೇಳದೆ ಮಾರನೆಯ ದಿನ ಒಬ್ಬಳೇ ಉಪ್ಪಿನಬೆಟಗೇರಿಗೆ ಹೋಗಿ ಅತ್ತಿಯ ಮುಂದೆ ಕೂತು ಜಬರದಸ್ತಿನಿಂದ ಕೇಳಿದೆ: "ಯಾರು ಕತ್ತರಿಸಿದ್ದು?"

ಅತ್ತಿಗೆ ನನ್ನ ಸಿಟ್ಟು ಅರ್ಥವೇ ಆಗಲಿಲ್ಲ. "ನಾವ ಕತ್ತರಿಸೇವಿ. ಇನ್ಯಾರು ಕತ್ತರಿಸ್ತಾರ?" ಎಂದರು.

ಅದು ಆ ಮನೆಯ ಪದ್ಧತಿಯಂತೆ. ಗಿರಿಜೆ ತಪಸ್ಸು ಮಾಡಿ ಬೇಕಾದ ಗಂಡನನ್ನು ಪಡೆದವಳು. ಆದ್ದರಿಂದ ಮನೆಯ ಹೆಣ್ಣುಮಗಳ ಮದುವೆಯ ದಿನ, ಬೆಳಗಿನ ಬಿಸಿಲಿನಲ್ಲಿ, ಮನೆಯ ಹಿರಿಯರು ಕಿಟಕಿಯ ಹತ್ತಿರ ಕೂತು ಸುರುಳಿ ಬಿಚ್ಚಿ, ಬೆಳಕಿಗೆ ಹಿಡಿದು, ಗೌರವ್ವನ ಚಿತ್ರ ಇರುವ ಒಂದು ತುಂಡು ಕತ್ತರಿಸುತ್ತಿದ್ದರು. ಅದನ್ನು ರೇಷ್ಮೆ ಬಟ್ಟೆಯಲ್ಲಿಟ್ಟು ಹೊಲಿದು, ಅಕ್ಕಿ, ಕೊಬ್ಬರಿ, ಅರಿಷಿಣದ ಜೊತೆ ಮದುಮಗಳ ಉಡಿಗೆ ಹಾಕುತ್ತಿದ್ದರು. ಒಳಗೇನಿದೆ ಎಂದು ಮದುಮಗಳಿಗೆ ಹೇಳುವಂತಿಲ್ಲ. ಅವಳು ಅದನ್ನು ಬಿಚ್ಚುವಂತಿಲ್ಲ. ಗಂಡನ ಮನೆಯಲ್ಲಿ ಆಪತ್ತು ಬಂದರೆ ತೋಳಿಗೆ ಕಟ್ಟಿಕೊಳ್ಳಬೇಕು.

"ಗೌರವ್ವನ ಮುಖಾನ ಬೀಳಬೇಕು ಉಡ್ಯಾಗ. ಬೆನ್ನು ಬೀಳಬಾರದು" ಎಂದರು ಅತ್ತಿ, ಹಪ್ಪಳದ ಹಿಟ್ಟು ನಾದುವುದು ಹೇಗೆಂದು ವಿವರಿಸುವವರ ಹಾಗೆ. "ಬೆನ್ನು ಬಿದ್ರ ತವರಿಗೆ ಬೆನ್ನು ಮಾಡತಾಳಂತ. ಮುಖ ಛಂದ ಕಾಣೂದು ನೋಡಿ ನೋಡಿ ಕತ್ತರಿಸ್ತಿದ್ವಿ. ಈಚೀಚೆಗ ಮುಖ ಸಿಗೂದ ಕಷ್ಟ ಆಗಿತ್ತವಾ. ನನ್ನ ಮಗಳ ಮದುವ್ಯಾಗ ಎಷ್ಟು ಹುಡುಕೇನಿ ಅಂತೀ!"

ದ್ವೇಷದಿಂದ ಹಾಳಾಗಿದ್ದರೆ ಬೈಯಲು ಒಬ್ಬರಾದರೂ ಸಿಗುತ್ತಿದ್ದರು. ಇವರು ಪ್ರೀತಿಯಿಂದ, ಭಕ್ತಿಯಿಂದ, ಮದುವೆಗೊಂದು ಮುಖದಂತೆ ಅಜ್ಜಿಯನ್ನು ಖಾಲಿ ಮಾಡಿದ್ದರು. ಬದುಕಿದ್ದಾಗ ದೇವರೆಂದು ಕೊಂದರು, ಸತ್ತ ಮೇಲೆ ದೇವರೆಂದು ಹಂಚಿದರು.

"ನಿಮ್ಮವ್ವನ ಉಡ್ಯಾಗೂ ಹಾಕ್ಯಾರ" ಅತ್ತಿ ಮುಂದುವರಿಸಿದರು. "ನಮ್ಮ ಮಾಂವಾರ ಸ್ವತಃ ಕತ್ತರಿಸಿದ್ರಂತ. ತಂಗಿ ಮಗಳಲ್ಲೇನು. ಇದ್ದದ್ರಾಗ ಛಲೋದು ಆರಿಸಿದ್ರಂತ. ಗೌರವ್ವ ಕಣ್ಣು ತೆರೆದು ನೆಟ್ಟಗ ನಮ್ಮ ಕಡೆ ನೋಡೂದು."

ರೇಷ್ಮೆ ಗಂಟು, ಕರಿ ದಾರ, ತಂಗಿಯ ತೋಳು. ನಮ್ಮಲ್ಲಿ ಸುಡುವುದಿಲ್ಲ, ಹೂಳುತ್ತಾರೆ. ಅಪ್ಪನ ಹೊಲದ ಅಂಚಿನಲ್ಲಿ ಕುಣಿ ತೋಡಿದ್ದರು. ಇಳಿಸುವ ಮುನ್ನ ಹಿರಿಯರೊಬ್ಬರು ತಾಯತ ಬಿಚ್ಚಲೇ ಎಂದು ಕೇಳಿದರು. ಅವ್ವ ಬೇಡ ಎಂದಳು. "ಇರಲಿ ಬಿಡ್ರಿ, ಒಬ್ಬಾಕಿಗೆ ಅಂಜಿಕಿ ಬರತೈತಿ" ಎಂದಳು. ನಾನು ಆಗ ಒಂಬತ್ತು ವರ್ಷದವಳು, ಅವಳ ಮಗ್ಗುಲಲ್ಲೇ ನಿಂತಿದ್ದೆ.

ಒಂದು ಆಸೆ ಉಳಿದಿತ್ತು. ಬೇರೆ ಹೆಣ್ಣುಮಕ್ಕಳ ಗಂಟುಗಳು ಎಲ್ಲಾದರೂ ಇರಬೇಕಲ್ಲ. ಅತ್ತಿಯಿಂದ ಫೋನು ಮಾಡಿಸಿದೆ. ಒಬ್ಬರದು ಗಂಡ ಸತ್ತ ದಿನ ಬಾವಿಗೆ ಹೋಗಿತ್ತು. ಇನ್ನೊಬ್ಬರದು ಹೊಸ ಮನೆಯ ಬುನಾದಿಯಲ್ಲಿತ್ತು. ಅತ್ತಿಯ ಸ್ವಂತ ಮಗಳದು ಮಾತ್ರ ಜೋಪಾನವಾಗಿತ್ತು. ಅವಳ ಗಂಡನದು ಅಮರಗೋಳದ ಮಾರ್ಕೆಟ್ ಯಾರ್ಡಿನಲ್ಲಿ ಕಾಳಿನ ವ್ಯಾಪಾರ, ಮನೆ ಅಲ್ಲೇ ಹಿಂದೆ. ನಾನು, ಅತ್ತಿ ಅಲ್ಲಿಗೆ ಹೋದೆವು. ಗಂಟು ಬಿಚ್ಚಲು ಅವಳು ಸುತರಾಂ ಒಪ್ಪಲಿಲ್ಲ. ತಾಯಿಯೇ ಬೈದ ಮೇಲೆ, ದೇವರಿಗೆ ತಪ್ಪುಗಾಣಿಕೆ ಕಟ್ಟಿಟ್ಟು, ಬ್ಲೇಡಿನಿಂದ ಹೊಲಿಗೆ ಬಿಡಿಸಿದಳು. ಅಂಗೈಗೆ ಒಂದು ಚಿಟಿಕೆ ಕಂದು ಪುಡಿ ಉದುರಿತು. ಬೇರೇನೂ ಇರಲಿಲ್ಲ. ಅವಳು ಅದನ್ನು ಹಣೆಗೆ ಹಚ್ಚಿಕೊಂಡು, ಉಳಿದದ್ದನ್ನು ನಾಲಿಗೆಗೆ ಹಾಕಿಕೊಳ್ಳಲು ಹೋದಾಗ ಕೈ ಹಿಡಿದು ನಿಲ್ಲಿಸಿದೆ.

ಮರಳಿ ಬರುವಾಗ ಅತ್ತಿಗೆ ಒಂದೇ ಮಾತು ಹೇಳಿದೆ: ಅವ್ವನಿಗೆ ಹೇಳಬೇಡಿ. ಕತ್ತರಿಯ ಮಾತು, ಉಡಿಯ ಮಾತು, ಎರಡೂ ಬೇಡ. ಅವರು ಗಲ್ಲ ಗಲ್ಲ ಬಡಿದುಕೊಂಡು ಒಪ್ಪಿದರು. ಮನೆಗೆ ಬಂದು ಅವ್ವನಿಗೆ, ಚಿತ್ರ ಸ್ವಲ್ಪ ಕೆಟ್ಟಿದೆಯಂತೆ, ಮುಖ ಅಷ್ಟು ಸರಿ ಬಂದಿಲ್ಲವಂತೆ ಎಂದೆ. "ಅಷ್ಟು ಇಷ್ಟು ಬಂದ್ರೂ ಸಾಕವಾ. ನನ್ನ ಕಣ್ಣರ ಎಲ್ಲಿ ಅಷ್ಟು ಛಲೋ ಅದಾವು?" ಎಂದಳು ಅವ್ವ.

ಗೌರಿ ಹುಣ್ಣಿಮೆಗೆ ಇನ್ನೂ ಒಂದು ವಾರ ಇರುವಾಗ ಪುಣೆಯಿಂದ ಪೆನ್‌ಡ್ರೈವ್ ಬಂತು. ಅತ್ತಿ ಸಕ್ಕರೆ ಗೊಂಬೆಗಳ ಪೊಟ್ಟಣ ಹಿಡಿದುಕೊಂಡು ಊರಿಂದ ಬಂದರು. ಮಧ್ಯಾಹ್ನದ ಊಟವಾದ ಮೇಲೆ ಪರದೆ ಎಳೆದು, ಟೀವಿಯ ಮುಂದೆ ಮೊಳ ದೂರದಲ್ಲಿ ಅವ್ವನ ಕುರ್ಚಿ ಹಾಕಿದೆ. ಅವ್ವ ಹೊಸ ಇಳಕಲ್ ಸೀರೆ ಉಟ್ಟಿದ್ದಳು. ಯಾರಿಗಾಗಿ ಉಟ್ಟಿದ್ದಾಳೆಂದು ಕೇಳುವ ಅಗತ್ಯ ಇರಲಿಲ್ಲ. ನನಗೆ ಅವಳ ಕಡೆ ನೋಡಲಾಗಲಿಲ್ಲ.

ಚಿತ್ರ ಶುರುವಾಯಿತು. ಸದ್ದಿಲ್ಲ. ಹತ್ತಿಯ ಗಡ್ಡದ ಹಿಮವಂತ ಸಿಂಹಾಸನದ ಮೇಲೆ ಕೂತು ಕೈ ಬೀಸುತ್ತಾನೆ. ಸೀರೆ ಉಟ್ಟ ಗಂಡಸೊಬ್ಬ ರಾಣಿಯಾಗಿ ಎದೆ ಬಡಿದುಕೊಳ್ಳುತ್ತಾನೆ, ಅವನ ಮುಂಗೈ ಮೇಲೆ ಕೂದಲು. ನಾರದ ಬರುತ್ತಾನೆ, ತಂಬೂರಿಯ ತಂತಿ ಸಡಿಲಾಗಿ ಜೋತಾಡುತ್ತಿದೆ. ನಡುನಡುವೆ ನಾಗರಿ ಅಕ್ಷರಗಳ ಫಲಕ. ನಾನು ಒಂದೊಂದನ್ನೂ ಅವ್ವನಿಗೆ ಹೇಳುತ್ತಾ ಹೋದೆ. ಗಿಡಗಳ ನಡುವಿನಿಂದ ಒಂದು ಹುಡುಗಿ ಕೊಡ ಹೊತ್ತು ಬರುತ್ತಾಳೆ, ದೂರದಲ್ಲಿ, ಕಡ್ಡಿಯಷ್ಟು ಚಿಕ್ಕದಾಗಿ. ಹತ್ತಿರ ಬರುತ್ತಾಳೆ. ತಟ್ಟನೆ ಚಿತ್ರ ಹಾರುತ್ತದೆ. ಕೊಡ ನೆಲದ ಮೇಲಿದೆ, ಸೆರಗಿನ ತುದಿ ಆಚೆ ಹೋಗುತ್ತಿದೆ. ಮತ್ತೆ ಹುಡುಗಿ ಗಿಡದ ಕೆಳಗೆ ಕೂತಿದ್ದಾಳೆ, ನಮಗೆ ಬೆನ್ನು ಮಾಡಿ. ಬೆನ್ನು ಯಾರಿಗೂ ಬೇಕಿರಲಿಲ್ಲ, ಅದು ಪೂರ್ತಿ ಉಳಿದಿತ್ತು. ಅವಳು ತಿರುಗತೊಡಗುತ್ತಾಳೆ, ಕಿವಿಯ ಬುಗುಡಿ ಕಾಣುತ್ತದೆ, ಚಿತ್ರ ಹಾರುತ್ತದೆ.

"ಹಾಂ, ಬಂದ್ಲೇನ?" ಅವ್ವ ಮುಂದಕ್ಕೆ ಬಾಗಿದಳು. ನಾನು ಇನ್ನೂ ಇಲ್ಲ ಎಂದೆ.

ಆಮೇಲೆ ಟೀವಿಯ ತುಂಬ ಒಂದು ಲಿಂಗ ಬಂತು, ಅದರ ಕಡೆ ಚಾಚಿದ ಒಂದು ಕೈ. ಮಗುವಿನ ಕೈ, ಮಣಿಕಟ್ಟಿಗೆ ರುದ್ರಾಕ್ಷಿ. ಬೆರಳುಗಳಲ್ಲಿ ಬಿಲ್ವಪತ್ರೆ. ಪತ್ರೆ ಲಿಂಗವನ್ನು ಇನ್ನೇನು ಮುಟ್ಟಬೇಕು, ಕೈ ಗಕ್ಕನೆ ನಿಂತಿತು. ಆಚೆ ಯಾರೋ ಗದರಿದ್ದಿರಬೇಕು. ಕೈ ಹಿಂದಕ್ಕೆ ಸರಿಯಿತು, ಪತ್ರೆ ಇನ್ನೊಂದು ಕೈಗೆ ಹೋಯಿತು, ಆ ಕೈ ಅಡ್ಡಾದಿಡ್ಡಿಯಾಗಿ ಅದನ್ನು ಏರಿಸಿತು.

ಅವ್ವ ತಲೆ ವಾಲಿಸಿ ನೋಡುತ್ತಿದ್ದಳು. "ನಿಲ್ಲಸು. ಮೊದಲ ಕೈ ಯಾವುದದು? ಎಡಗೈ ಅಲ್ಲೇನ?"

"ಹೌದವ್ವಾ."

"ನಮ್ಮವ್ವ ಎಡಚಿ!" ಅವ್ವ ನಕ್ಕಳು. ಅವಳು ನಕ್ಕು ತಿಂಗಳುಗಳಾಗಿದ್ದವು. ನಗು ಹಾಗೆಯೇ ಅರ್ಧಕ್ಕೆ ನಿಂತಿತು. "ಅಯ್ಯ, ನಾನು ಆ ಕೂಸಿನ ಕೈ ಮ್ಯಾಲೆ ಎಷ್ಟು ಬಡದೇನವಾ. ಎಲ್ಲಿಂದ ಬಂತೋ ಈ ಅಪಲಕ್ಷಣ ಅಂತ ಬಡದೇನಿ. ನಮ್ಮವ್ವನ ಕೈ ಅದು. ನಮ್ಮವ್ವನ ಕೈಗೆ ಬಡದೇನಿ."

ಚಿತ್ರ ಮುಂದೆ ಓಡಿತು. ಸಪ್ತರ್ಷಿಗಳು ಬಂದರು, ಹೋದರು. ಬಣ್ಣ ಬಳಿದ ಹುಲಿಚರ್ಮ ಉಟ್ಟ ಶಿವ ಬಂದು ಬೆನ್ನು ಕಾಣುವ ಹುಡುಗಿಯ ಮುಂದೆ ಕೈ ಎತ್ತಿದ. ಅಲ್ಲಿಗೆ ಸುರುಳಿ ಮುಗಿಯಿತು. ಟೀವಿಯ ಮೇಲೆ ಆ ಬೆನ್ನು ಹಾಗೆಯೇ ನಿಂತಿತು.

"ಮುಖ ಎಲ್ಲಿ?" ಎಂದಳು ಅವ್ವ.

"ಅದು ಕೆಟ್ಟೈತವ್ವಾ. ಹೇಳಿದ್ನಲ್ಲ."

"ಗಡ್ಡದವರು ಕೆಟ್ಟಿಲ್ಲ, ಗಂಡಸು ರಾಣಿ ಕೆಟ್ಟಿಲ್ಲ. ನಮ್ಮವ್ವನ ಮುಖ ಒಂದ ಕೆಡತೈತಿ?"

ಅತ್ತಿಗೆ ತಡೆಯಲಾಗಲಿಲ್ಲ. ಎದ್ದು ಬಂದು ಅವ್ವನ ಕಾಲಿನ ಹತ್ತಿರ ಕೂತು, ಅವಳ ಮೊಣಕಾಲು ಹಿಡಿದುಕೊಂಡು, "ಕೆಟ್ಟಿಲ್ರಿ ಅಕ್ಕಾರ. ನಾವ ಕತ್ತರಿಸೇವಿ" ಎಂದರು. ಎಲ್ಲವನ್ನೂ ಹೇಳಿದರು. ಕಿಟಕಿಯ ಬಿಸಿಲು, ಕತ್ತರಿ, ರೇಷ್ಮೆ ಗಂಟು. ಮಾಂವ ಸ್ವತಃ ಆರಿಸಿದ, ನೆಟ್ಟಗೆ ನೋಡುವ ಮುಖ. ಅವ್ವನ ಬಲಗೈ ತನ್ನ ಎಡತೋಳಿನ ಮೇಲೆ ಹೋಗಿ, ದಾರ ಕಟ್ಟುವ ಜಾಗವನ್ನು ಹಿಡಿದುಕೊಂಡಿತು.

"ನಾನು ಕೂಸಿಗೆ ಕಟ್ಟಿದ್ದು?"

"ಹೌದ್ರಿ."

ಬೀದಿಯಲ್ಲಿ ತರಕಾರಿಯವನು ಕೂಗುತ್ತಾ ಹೋದ. ಅತ್ತಿ ಕಣ್ಣು ಒರೆಸಿಕೊಂಡು, ತಮಗೆ ತಿಳಿದ ಸಮಾಧಾನ ಹೇಳಿದರು. "ಅಜ್ಜಿ ಮಗ್ಗಲದಾಗ ಮೊಮ್ಮಗಳು ಮಲಗ್ಯಾಳಂತ ತಿಳೀರಿ ಅಕ್ಕಾರ. ಕೂಸು ಒಬ್ಬಾಕಿ ಇಲ್ಲ."

ಅವ್ವ ಅದನ್ನು ಹಿಡಿದುಕೊಳ್ಳುತ್ತಾಳೆ ಎಂದು ನಾನು ಅಂದುಕೊಂಡೆ. ಹಿಡಿದುಕೊಳ್ಳಲಿ ಎಂದು ಆಸೆಪಟ್ಟೆ. ಜೀವಮಾನದಲ್ಲಿ ಮೊದಲ ಬಾರಿ ಗೌರವ್ವನಿಂದ ನನಗೆ ಏನೋ ಬೇಕಾಗಿತ್ತು.

"ಕೂಸಿನ ಮುಖಾನೂ ನೆನಪಾಗವಲ್ದು" ಎಂದಳು ಅವ್ವ. "ಭಾಳ ದಿನ ಆತು. ಯಾರಿಗೂ ಹೇಳಿರಲಿಲ್ಲ. ಕಣ್ಣು ಮುಚ್ಚಿದ್ರ ಮೊದಲ ಬರತಿತ್ತು. ಈಗ ಅಲ್ಲೂ ಮಬ್ಬು." ತಲೆಯನ್ನು ನನ್ನ ಕಡೆ ವಾಲಿಸಿದಳು. "ನೀನರ ಹೇಳವಾ. ನಿನ್ನ ತಂಗಿ ಹೆಂಗಿದ್ಲು?"

ನಾನು ಹುಡುಕಿದೆ. ಹಳದಿ ಲಂಗ ಸಿಕ್ಕಿತು. ಎಡಗೈಯಲ್ಲಿ ಹಿಡಿದ ಬಳಪ, ಪಾಟಿಯ ಮೇಲೆ ತಿರುವುಮುರುವಾದ ಅಕ್ಷರ ಸಿಕ್ಕಿತು. ಜ್ವರದಲ್ಲಿ ಬೆವೆತು ಅಂಟಿದ ಕೂದಲು ಸಿಕ್ಕಿತು. ಕೂದಲಿನ ಕೆಳಗೆ ಏನೂ ಇರಲಿಲ್ಲ. ನನ್ನ ಕಣ್ಣಿಗೇನೂ ಆಗಿರಲಿಲ್ಲ.

"ನಿನ್ನಂಗ ಇದ್ಲವ್ವಾ" ಎಂದೆ.

"ನಾ ಹೆಂಗದೇನಿ?"

ಆ ಪ್ರಶ್ನೆಯಲ್ಲಿ ಕೊಂಕಿರಲಿಲ್ಲ. ಕನ್ನಡಿಯಲ್ಲಿ ತನ್ನನ್ನು ಕಾಣದೆ ಅವಳಿಗೆ ವರ್ಷಗಳಾಗಿದ್ದವು. ನಾನು ಕುರ್ಚಿ ಎಳೆದುಕೊಂಡು ಅವಳ ಎದುರಿಗೆ ಕೂತು, ದಿನವೂ ನೋಡುವ ಆ ಮುಖವನ್ನು ನೋಡಿದೆ.

"ಹಣಿ ಅಗಲ ಐತಿ" ಎಂದೆ. ಅವಳ ಬೆರಳು ಹಣೆಗೆ ಹೋಯಿತು.

"ಹುಬ್ಬು ಕೂಡ್ಯಾವು." ಬೆರಳು ಹುಬ್ಬಿಗೆ ಇಳಿಯಿತು.

"ಮತ್ತ?" ಎಂದಳು ಅವ್ವ.